ಹೂಂಗುಟ್ಟಿದವಳು

ಹೊರಾಚೆಕ್ ಓದು ನಿಲ್ಲಿಸಿ ಕನ್ನಡಕದ ಮೇಲಿಂದ ನೋಡಿದಾಗ ನಾಗವೇಣಿ ಎಂದಿನಂತೆ "ಹೂಂ" ಎಂದಳು. ಮುದುಕ ಸಮಾಧಾನದಿಂದ ಹಾಳೆ ತಿರುವಿದ. ಅವನ ಚೆಕ್ ಭಾಷೆಯ ಒಂದು ಪದವೂ ಅವಳಿಗೆ ಬಾರದು. ಆದರೆ ಕಥೆ ಹೇಳುವವರಿದ್ದರೆ ಹೂಂಗುಟ್ಟುವವರೂ ಇರಬೇಕೆಂಬುದು ಮೈಸೂರಿನಲ್ಲಿ ಅಜ್ಜಿಯ ಮಗ್ಗುಲಲ್ಲೇ ಅವಳಿಗೆ ತಿಳಿದಿತ್ತು.

ಆಸ್ಟ್ರೇಲಿಯಾದ ಪರ್ತ್ ನಗರದ ಥಾರ್ನ್ಲಿ ಬಡಾವಣೆಯಲ್ಲಿ ಅವರದು ಅಕ್ಕಪಕ್ಕದ ಮನೆ. ಅವಳ ಗಂಡ ಲಿಂಗರಾಜ ಡಾಕ್ಟರು, ಹಗಲೆಲ್ಲ ಆಸ್ಪತ್ರೆಯಲ್ಲಿ. ಹೊರಾಚೆಕ್ ಹೆಸರಾಂತ ಕಾದಂಬರಿಕಾರನೆಂದೂ, ಅರವತ್ತೆಂಟರಲ್ಲಿ ಪ್ರಾಗಿಗೆ ರಷ್ಯದ ಟ್ಯಾಂಕುಗಳು ನುಗ್ಗಿದ ಮೇಲೆ ಅಲ್ಲಿ ಅವನ ಪುಸ್ತಕಗಳನ್ನೆಲ್ಲ ನಿಷೇಧಿಸಿದರೆಂದೂ ಅವನೇ ಹರಕು ಇಂಗ್ಲಿಷಿನಲ್ಲಿ ಹೇಳಿದ್ದ. ಹೆಂಡತಿ ತೀರಿಕೊಂಡ ಮೇಲೆ ಮುದುಕನ ಭಾಷೆ ಕೇಳುವವರು ಆ ಬೀದಿಯಲ್ಲಿ ಯಾರೂ ಉಳಿಯಲಿಲ್ಲ. ಒಂದು ಮಧ್ಯಾಹ್ನ ಹಾಳೆಗಳ ಕಟ್ಟು ಹಿಡಿದು ಇವಳ ವರಾಂಡಕ್ಕೆ ಬಂದ. ಅದಾಗಿ ಎರಡು ವರ್ಷ. ಮಕ್ಕಳಿಲ್ಲದ ಮನೆಯಲ್ಲಿ ಅವಳು ಡಿಕಾಕ್ಷನ್ ಇಳಿಸಿಟ್ಟು ಆ ಹೊತ್ತಿಗಾಗಿ ಕಾಯತೊಡಗಿದಳು. ಅವನ ದನಿ ನಡುಗಿದರೆ ಯಾರೋ ಸತ್ತರೆಂದುಕೊಳ್ಳುವಳು. ಮೆತ್ತಗಾದರೆ ಯಾರೋ ಮನೆಗೆ ಮರಳಿದರೆಂದು. ಹೀಗೆ ಅವಳೊಳಗೂ ಒಂದು ಕಾದಂಬರಿ ಬೆಳೆದಿತ್ತು.

೧೯೮೨ರ ಬೇಸಿಗೆಯಲ್ಲಿ ಅಡಿಲೇಡಿನಿಂದ ಇರೇನಾ ಎಂಬ ಚೆಕ್ ಹೆಂಗಸು ಬಂದಳು. ಮುದುಕನ ಹೊಸ ಕಾದಂಬರಿಯನ್ನು ಇಂಗ್ಲಿಷಿಗೆ ತರುವ ಆಸೆ ಅವಳಿಗೆ. ವರಾಂಡದಲ್ಲಿ ಕೂತು ಅವಳೂ ಕೇಳಿದಳು. ಕೇಳುತ್ತ ಕೇಳುತ್ತ ತಲೆ ತಗ್ಗಿಸಿದಳು. ಮುದುಕನನ್ನು ಮನೆಗೆ ಬಿಟ್ಟು ಬಂದು, ಎಷ್ಟು ದಿನದಿಂದ ಹೀಗೆ ಓದುತ್ತಿದ್ದಾನೆಂದು ನಾಗವೇಣಿಯನ್ನು ಕೇಳಿದಳು.

"ಅದು ಕಥೆಯಲ್ಲ," ಎಂದಳು ಇರೇನಾ ಕೊನೆಗೆ, ಇಂಗ್ಲಿಷಿನಲ್ಲಿ. "ಒಬ್ಬಳು ಬಾಗಿಲು ತೆರೆಯುತ್ತಾಳೆ. ಮತ್ತೆ ಬಾಗಿಲು ತೆರೆಯುತ್ತಾಳೆ. ಆಮೇಲೆ ಬರೋದು ಪದಗಳೇ ಅಲ್ಲ."

ಸಂಜೆ ಲಿಂಗರಾಜ ಮುದುಕನನ್ನು ನೋಡಿಬಂದು, ಬ್ರೈನು ಸವೆಯುತ್ತಿದೆ, ಇದಕ್ಕೆ ಮದ್ದಿಲ್ಲ ಎಂದ.

"ನಾನು ಹೂಂ ಅಂತಾನೇ ಇದ್ಬಿಟ್ಟೆನಲ್ರೀ," ಎಂದಳು ಅವಳು.

"ನಿಂಗೆ ಹೇಗೆ ಗೊತ್ತಾಗ್ಬೇಕು, ಬಿಡು. ಗೊತ್ತಾಗಿದ್ರೂ ಏನೂ ಮಾಡಕ್ಕಾಗ್ತಿರ್ಲಿಲ್ಲ."

ಮರುದಿನ ಹೊರಾಚೆಕ್ ಬಂದ. ಕೂತ. ಓದಿದ. ಈಗ ಅವಳ ಕಿವಿಗೂ ಆ ಒಂದೇ ಸಾಲು ಮತ್ತೆ ಮತ್ತೆ ಕೇಳಿಸಿತು. ಅವನು ತಲೆಯೆತ್ತಿ ನೋಡಿದ. ಅವಳು ಈ ಸಲ ಹೂಂ ಎನ್ನದೆ ಕಾಫಿಲೋಟವನ್ನು ಅವನತ್ತ ಸರಿಸಿದಳು. ಮುದುಕ ಕಾದ. ಹಾಳೆಯನ್ನು ನೋಡಿದ, ಅವಳನ್ನು ನೋಡಿದ. "ನೋ?" ಎಂದ ಮೆಲ್ಲಗೆ. ಅವಳು ಎದ್ದು ನಿಲ್ಲುವಷ್ಟರಲ್ಲಿ ಹಾಳೆಗಳನ್ನು ಒಟ್ಟುಮಾಡಿಕೊಂಡು ಮೆಟ್ಟಿಲಿಳಿದಿದ್ದ.

ಮತ್ತೆ ಅವನು ಬರಲಿಲ್ಲ. ಎರಡು ಸಲ ಅವಳೇ ಹೋಗಿ ಕರೆದಳು. ಯಾರೋ ಅಪರಿಚಿತಳೆಂಬಂತೆ ವಿನಯದಿಂದ ತಲೆ ಬಾಗಿಸಿದ, ಅಷ್ಟೇ. ಒಂದು ಮಧ್ಯಾಹ್ನ ಕಿಟಕಿಯಿಂದ ಕಂಡ. ಹುಲ್ಲು ಸುಟ್ಟುಹೋದ ತನ್ನ ಅಂಗಳದಲ್ಲಿ ಬರಿತಲೆಯಲ್ಲಿ ನೀರಿನ ಪೈಪು ಹಿಡಿದು ನಿಂತಿದ್ದ. ನೀರು ಅವನ ಚಪ್ಪಲಿಗಳ ಮೇಲೆ ಸುರಿದು, ರಸ್ತೆಗಿಳಿದು, ಕಾದ ಡಾಂಬರಿನ ಮೇಲೆ ತುಸು ದೂರ ಹರಿದು ಅಲ್ಲೇ ಆರಿಹೋಗುತ್ತಿತ್ತು.