ಮೂರನೆಯ ವ್ಯಕ್ತಿಯ ಆಕ್ಷೇಪಣೆ

"ಬೆಳಕಿಗೆ ಹಿಡಿದ್ರೂ ಕಾಣಲ್ಲಮ್ಮ," ಅಂದರು ಮಾಹಿತಿ ಅಧಿಕಾರಿ. "ಕಪ್ಪು ಬಳಿದು ಆಮೇಲೆ ಜೆರಾಕ್ಸ್ ಮಾಡಿಸಿರೋದು. ಎಷ್ಟೋ ಜನ ಆ ಕಿಟಕಿ ಹತ್ರ ನಿಂತು ಕಣ್ಣು ಕಿರಿದು ಮಾಡಿ ನೋಡಿ, ಸುಮ್ನೆ ವಾಪಸ್ ಬಂದಿದಾರೆ."

ಬೈಂಡಿಂಗ್ ಅಕ್ಕ ಕಾಗದವನ್ನು ಕಿಟಕಿಯಿಂದ ಕೆಳಗಿಳಿಸಿದಳು. ಅಧಿಕಾರಿ ಅಂದುಕೊಂಡಂತೆ ಕಳ್ಳನೋಟವೇನೂ ಅದಾಗಿರಲಿಲ್ಲ. ಮೂವತ್ತು ವರ್ಷ ಹರಿದ ಪುಸ್ತಕಗಳಿಗೆ ರಟ್ಟು ಕಟ್ಟಿದವಳು. ಯಾವ ಕಾಗದ ಕೈಗೆ ಬಂದರೂ ಮೊದಲು ಬೆಳಕಿಗೆ ಹಿಡಿಯುವುದು ಅವಳಿಗೆ ರೂಢಿ. ಆದರೂ ವಿಳಾಸ ಇದ್ದ ಜಾಗದಲ್ಲಿ ಹೆಬ್ಬೆರಳಗಲದ ಕಪ್ಪು ಪಟ್ಟಿ ಕಂಡು ಅದರ ಮೇಲೆ ಒಮ್ಮೆ ಬೆರಳಾಡಿಸಿದಳು.

ಅವಳು ಕೇಳಿದ್ದು ತಮ್ಮನ ವಿಳಾಸ, ಅಷ್ಟೇ. ಏಳು ವರ್ಷದಿಂದ ಅವನ ಸುದ್ದಿ ಇರಲಿಲ್ಲ. ನೀರು ಸರಬರಾಜು ಇಲಾಖೆಯಲ್ಲಿ ಪಂಪ್ ಆಪರೇಟರ್ ಆಗಿದ್ದ. ಪಂಪ್‌ಹೌಸಿಗೆ ಹೋಗಿ ವಿಚಾರಿಸಿದರೆ, ಅವಧಿಗೆ ಮೊದಲೇ ನಿವೃತ್ತಿ ತೆಗೆದುಕೊಂಡು ಊರು ಬಿಟ್ಟನೆಂದರು. ಎಲ್ಲಿಗೆ ಹೋದ ಅನ್ನುವುದು ಈ ಕಚೇರಿಯ ಪಿಂಚಣಿ ಕಡತಕ್ಕಷ್ಟೇ ಗೊತ್ತು. ಸರಿ, ಮಾಹಿತಿ ಹಕ್ಕಿನ ಕಾನೂನಿನಂತೆ ಅರ್ಜಿ ಹಾಕಿದಳು. ಕೆಲವೇ ದಿನಗಳಲ್ಲಿ ಉತ್ತರ ಬಂತು: ಕೇಳಿರುವ ಮಾಹಿತಿ ಮೂರನೆಯ ವ್ಯಕ್ತಿಗೆ ಸಂಬಂಧಿಸಿದ್ದು, ಸದರಿಯವರ ಅಭಿಪ್ರಾಯ ಕೇಳಿ ಪತ್ರ ಬರೆಯಲಾಗಿದೆ.

ಅವತ್ತು ಅವಳು ಕಚೇರಿಗೆ ಬಂದು ಜಗಳವನ್ನೇ ಆಡಿದ್ದಳು. "ಒಂದೇ ತಟ್ಟೇಲಿ ಉಂಡವನು ಸಾರ್. ಅವನಿಗೆ ನಡೆಯೋಕೆ ಕಲಿಸಿದ್ದು ನಾನು. ಅವನು ಹೇಗೆ ಮೂರನೆಯವನಾಗ್ತಾನೆ? ಎರಡನೆಯವರು ಯಾರು ಹಾಗಾದ್ರೆ, ನೀವಾ?"

"ಹೂಂ, ನಾನೇ," ಎಂದಿದ್ದರು ಅಧಿಕಾರಿ, ತಲೆ ಎತ್ತದೆ.

ಈಗ ಆ ಮೂರನೆಯವನ ಉತ್ತರ ಬಂದಿತ್ತು. ಕಪ್ಪು ಪಟ್ಟಿಯ ಕೆಳಗೆ ಅವನದೇ ಅಕ್ಷರ, ಒಂದಕ್ಕೊಂದು ತಾಗದೆ ದೂರ ದೂರ ನಿಂತ ಅಕ್ಷರ: "ಅರ್ಜಿದಾರರು ನನಗೆ ಇನ್ನು ಮುಖ ತೋರಿಸಬೇಡವೆಂದು ಹೇಳಿರುತ್ತಾರೆ. ನಾನು ಅದರಂತೆ ನಡೆದುಕೊಂಡಿರುತ್ತೇನೆ. ಆದ ಕಾರಣ ವಿಳಾಸ ಕೊಡುವುದು ಬೇಡ."

ಅವಳು ಬೆಂಚಿನ ಮೇಲೆ ಕೂತುಬಿಟ್ಟಳು. ಬದುಕಿದ್ದಾನೆ. ಮೊದಲು ಬಂದ ಯೋಚನೆ ಅದೊಂದೇ, ಅದರ ಹಿಂದೆಯೇ ಅಳು ನುಗ್ಗಿ ಬಂತು. ಮನೆಯಲ್ಲಿ ಅವನನ್ನು ಮೊಂಡ ಎಂದೇ ಕರೆಯುತ್ತಿದ್ದುದು. ಅಮ್ಮ ಹೋದ ದಿನ ಮೊಂಡ ಬಂದು ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ಎಣ್ಣೆ ಮೆತ್ತಿದ ಅಂಗಿಯಲ್ಲೇ ಬಾಗಿಲಲ್ಲಿ ನಿಂತವನನ್ನು ಅವಳು ನೆಂಟರಿಷ್ಟರೆಲ್ಲರ ಎದುರು ಬಾಯಿಗೆ ಬಂದಂತೆ ಬೈದಿದ್ದಳು. ಮುಖ ತೋರಿಸಬೇಡ ಅಂದದ್ದು ಆಗಲೇ. ಆಡಿದ್ದು ಮಾರನೆಯ ದಿನಕ್ಕೆ ಅವಳಿಗೆ ಮರೆತೂ ಹೋಗಿತ್ತು. ಅವನು ಅದನ್ನು ಏಳು ವರ್ಷ ಶಿರಸಾವಹಿಸಿ ಪಾಲಿಸಿಕೊಂಡು ಬಂದಿದ್ದ!

ಕಣ್ಣೊರೆಸಿಕೊಂಡು ಮತ್ತೆ ಕಾಗದ ನೋಡಿದಳು. ಎಡಗಡೆ ಮೇಲಿಂದ ಕೆಳಗಿನವರೆಗೆ ಬೂದು ಬಣ್ಣದ ಒಂದು ಎಳೆ. ಬೇರೆ ಯಾರಾದರೂ ಜೆರಾಕ್ಸ್ ಯಂತ್ರದ ಕೊಳೆ ಅನ್ನುತ್ತಿದ್ದರು. ಅದು ಮಡಿಕೆಯ ಗುರುತು. ಅಮ್ಮ ಇಬ್ಬರಿಗೂ ಹಾಗೇ ಕಲಿಸಿದ್ದಳು: ಮಾರ್ಜಿನ್‌ಗೆ ಅಡಿಪಟ್ಟಿ ಬೇಡ, ಕಾಗದದ ಅಂಚು ಮಡಚಿ ಉಗುರಿನಿಂದ ಒಮ್ಮೆ ತೀಡಿ ಬಿಡಿಸಿದರೆ ಸಾಕು.

"ಬೇಜಾರು ಮಾಡ್ಕೋಬೇಡಿ," ಅಂದರು ಅಧಿಕಾರಿ, ನೀರಿನ ಲೋಟ ಮುಂದಕ್ಕೆ ಸರಿಸುತ್ತ. "ಅವರು ಬೇಡ ಅಂದ್ಮೇಲೆ ನನ್ನ ಕೈ ಕಟ್ಟಿದ ಹಾಗೆ. ಮೂವತ್ತು ದಿನದೊಳಗೆ ನೀವು ಮೇಲ್ಮನವಿ ಹಾಕಬಹುದು. ಆದ್ರೆ ಮನೆ ವಿಳಾಸ ಕೊಡಿ ಅಂತ ಮೇಲಿನವರೂ ಹೇಳೋದು ಕಷ್ಟ. ಮನವಿ ಬಂತು ಅಂದ್ರೆ ಅದರ ಒಂದು ಪ್ರತಿ ಅವರಿಗೆ ಕಳಿಸ್ತಾರೆ, ಅವರು ಮತ್ತೆ ಬೇಡ ಅಂತಾರೆ, ಅಲ್ಲಿಗೆ ಮುಗೀತು."

ಅವಳು ಲೋಟವನ್ನು ಬಾಯಿಗಿಡದೆ ಹಾಗೇ ಹಿಡಿದುಕೊಂಡಳು. "ನನ್ನ ಮನವಿ ಅವನಿಗೆ ಹೋಗತ್ತಾ?"

"ಹೋಗಲೇಬೇಕಲ್ಲ. ಅವರ ಮಾತೂ ಕೇಳ್ಬೇಕು, ನಿಯಮ."

"ನಾನು ಬರೆದದ್ದು ಬರೆದ ಹಾಗೇನಾ?"

"ಬರೆದ ಹಾಗೇ. ನಿಮ್ಮ ಮಾತಿಗೆ ಕಪ್ಪು ಬಳಿಯೋಕೆ ನಾವ್ಯಾರು?"

"ಒಂದು ಬಿಳಿ ಹಾಳೆ ಕೊಡಿ ಸಾರ್."

ಹಾಳೆಯ ಎಡ ಅಂಚನ್ನು ಮಡಚಿ, ಗೋಂದು ಒಣಗಿದ ಉಗುರಿನಿಂದ ಮೇಲಿಂದ ಕೆಳಗೆ ತೀಡಿ, ಬಿಡಿಸಿದಳು. ಮೇಲೆ ಅರ್ಜಿ ಸಂಖ್ಯೆ, ತಾರೀಕು. ಅಲ್ಲಿಂದ ಮುಂದೆ ಪೆನ್ನು ತುಂಬ ಹೊತ್ತು ಓಡಲಿಲ್ಲ. ಎದುರು ಮೇಜಿನ ಗುಮಾಸ್ತೆ ಊಟದ ಡಬ್ಬಿ ತೆಗೆದು, ಉಂಡು, ತೊಳೆದು ತಂದಳು. ಆಮೇಲೆ ಅಕ್ಕ ಒಂದೇ ಉಸಿರಿಗೆ ಬರೆದು ಹಾಳೆ ಕೊಟ್ಟಳು.

ಅಧಿಕಾರಿ ಕನ್ನಡಕ ಏರಿಸಿಕೊಂಡು ಓದಿದರು.

"ಮನವಿಗೆ ಕಾರಣಗಳು: ಅವತ್ತು ಪಂಪ್‌ಹೌಸಿನಲ್ಲಿ ನಿನ್ನ ಪಾಳಿಗೆ ಬೇರೆಯವರು ಬಂದಿರಲಿಲ್ಲ, ನೀನು ಬಿಟ್ಟು ಬಂದಿದ್ದರೆ ಆಸ್ಪತ್ರೆಗೆ ನೀರು ಹೋಗುತ್ತಿರಲಿಲ್ಲ. ಇದು ನನಗೆ ಅವತ್ತೇ ಗೊತ್ತಿತ್ತು. ಗೊತ್ತಿದ್ದೂ ಬೈದೆ. ಅಮ್ಮ ಕೊನೆಗೆ ಕೇಳಿದ್ದು ನಿನ್ನನ್ನು, ಪಕ್ಕದಲ್ಲಿದ್ದ ನನ್ನನ್ನಲ್ಲ. ಅದೇ ನನಗೆ ಸಂಕಟ. ನಿನ್ನ ವಿಳಾಸ ಕೊಡಬೇಡ. ನನ್ನ ವಿಳಾಸ ಹಳೆಯದೇ. ಆ ಮಾತನ್ನು ವಾಪಸ್ ಪಡೆದಿರುತ್ತೇನೆ."

"ಇದು ಮೇಲ್ಮನವಿ ಅಲ್ಲಮ್ಮ," ಅಂದರು ಅಧಿಕಾರಿ. ದನಿ ಎಂದಿನಷ್ಟು ಗಟ್ಟಿಯಿರಲಿಲ್ಲ. "ವಿಳಾಸ ಬೇಡ ಅಂತ ನೀವೇ ಬರೆದಿದೀರಿ. ಮೇಲಿನವರು ವಜಾ ಮಾಡ್ತಾರೆ."

"ಮಾಡಲಿ. ಪ್ರತಿ ಅವನಿಗೆ ಮುಟ್ಟಿದ ಮೇಲೆ ಮಾಡ್ತಾರೆ ತಾನೆ?"

ಅಧಿಕಾರಿ ಮೊಹರನ್ನು ಮಸಿಗೆ ಒತ್ತಿ, ಹಾಳೆಯ ಮೂಲೆಯಲ್ಲಿ ಸ್ವೀಕರಿಸಿದೆ ಎಂದು ಹೊಡೆದು, ತಾವೇ ಎದ್ದು ಜೆರಾಕ್ಸ್ ಯಂತ್ರದ ಹತ್ತಿರ ಹೋದರು.

ಪ್ರತಿ ಬಿಸಿಯಾಗಿಯೇ ಹೊರಬಂತು. ಅಕ್ಕ ಅದನ್ನು ಇಸಿದುಕೊಂಡು ಕಿಟಕಿಯ ಬೆಳಕಿಗೆ ಹಿಡಿದಳು. ಎಡಗಡೆ ಮೇಲಿಂದ ಕೆಳಗಿನವರೆಗೆ ಬೂದು ಬಣ್ಣದ ಎಳೆ ಮೂಡಿತ್ತು.