ದೋಣಿಗೆ ಮೂರು ತಟ್ಟು

ನನ್ನ ಬಾಯಿ ಜೋರು ಎಂದು ದೋಣಿಗಳು ನಿಲ್ಲುವ ಇಡೀ ಜೆಟ್ಟಿಗೆ ಗೊತ್ತು. ಇರಲಿ ಬಿಡಿ. ಬಾಯಿ ಜೋರಿಲ್ಲದವಳು ಮೂವತ್ತು ಜನರನ್ನು ದೋಣಿಯಲ್ಲಿ ಕೂರಿಸಿಕೊಂಡು ಸಮುದ್ರಕ್ಕೆ ಹೋಗಬಾರದು. ಡಾಲ್ಫಿನ್ ಬೆನ್ನು ಕಂಡ ತಕ್ಷಣ ಜನರಿಗೆ ಬುದ್ಧಿ ಇರುವುದಿಲ್ಲ, ಎಲ್ಲರೂ ಒಂದೇ ಪಕ್ಕಕ್ಕೆ ಓಡುತ್ತಾರೆ. ಮಕ್ಕಳಾದರೂ ಹೇಳಿದ ಮಾತು ಕೇಳುತ್ತವೆ, ಅವರ ಅಪ್ಪಂದಿರು ಕೇಳುವುದಿಲ್ಲ. "ರೀ ಸ್ವಾಮಿ, ಕೂತ್ಕೊಳ್ಳಿ. ನೀವು ನೀರಿಗೆ ಬಿದ್ರೆ ನಿಮ್ಮನ್ನ ನೋಡೋಕೆ ಡಾಲ್ಫಿನ್ ಟಿಕೆಟ್ ತಗೊಂಡಿಲ್ಲ" ಎಂದು ಗದರಿದರೆ ದೋಣಿಯೆಲ್ಲ ನಗುತ್ತಿತ್ತು. ಹೀಗೆ ಒಂಬತ್ತು ವರ್ಷ ಗೈಡ್ ಕೆಲಸ ಮಾಡಿದೆ.

ದೋಣಿ ನನ್ನ ಅಣ್ಣನದು. ಗಂಡನ ಮನೆಯಿಂದ ಒಂದೇ ಒಂದು ಸೂಟ್‌ಕೇಸ್ ಹಿಡಿದು ವಾಪಸ್ ಬಂದ ದಿನ, ಯಾಕೆ ಬಂದೆ ಎಂದು ಯಾರೂ ಕೇಳದ ಹಾಗೆ ನೋಡಿಕೊಂಡವನು ಅವನು. ಅತ್ತಿಗೆ ಬಾಯಿ ತೆರೆಯುವ ಮೊದಲೇ ಹಿಂದಿನ ಕೋಣೆ ಖಾಲಿ ಮಾಡಿಸಿ ನನಗೆ ಕೊಟ್ಟ. ವಾರ ಕಳೆದ ಮೇಲೆ, "ಮೂಲೇಲಿ ಕೂತು ಅಳಬೇಡ, ದೋಣಿಗೆ ಬಾ. ನಿನ್ನ ಬಾಯಿ ಒಂದ್ಸಲನಾದ್ರೂ ಉಪಯೋಗಕ್ಕೆ ಬರ್ಲಿ" ಎಂದ. ಆ ಮಾತಿಗೆ ನಾನು ಎಷ್ಟೋ ತಿಂಗಳ ನಂತರ ಮೊದಲ ಸಲ ನಕ್ಕಿದ್ದೆ.

ನಮ್ಮ ದೋಣಿಯಲ್ಲಿ ಒಂದು ಕಟ್ಟುನಿಟ್ಟು ಇತ್ತು. ಮುಂದಿನ ಮೂತಿ ನನ್ನದು, ಹಿಂದಿನ ಚಾಲಕನ ಗೂಡು ಅವನದು. ಜೆಟ್ಟಿ ಬಿಟ್ಟ ಮೇಲೆ ವಾಪಸ್ ಬರುವವರೆಗೆ ನಾನು ಹಿಂದಕ್ಕೆ ಹೋಗುವಂತಿಲ್ಲ, ಅವನು ಮುಂದಕ್ಕೆ ಬರುವಂತಿಲ್ಲ. "ಒಬ್ರು ಕಣ್ಣು, ಒಬ್ರು ಕೈ. ಜಾಗ ಬಿಟ್ರೆ ದೋಣಿ ಮುಳುಗುತ್ತೆ" ಎನ್ನುತ್ತಿದ್ದ. ಅದು ಅಪ್ಪನ ಕಾಲದಿಂದ ಬಂದ ಪದ್ಧತಿ. ನಾನು ಒಂದು ದಿನವೂ ಮೀರಲಿಲ್ಲ.

ಸಮುದ್ರದ ನಡುವಿನ ಕರಿಬಂಡೆಯ ಹತ್ತಿರ ಅವನು ಎಂಜಿನ್ ಆರಿಸುತ್ತಿದ್ದ. ನಾನು ಮೂತಿಯಲ್ಲಿ ಮೊಣಕಾಲೂರಿ, ಅಂಗೈಯಿಂದ ಹಲಗೆಗೆ ಮೂರು ಸಲ ತಟ್ಟುತ್ತಿದ್ದೆ. ಆಮೇಲೆ ಎಲ್ಲರಿಗೂ ಬಾಯಿಗೆ ಬೆರಳಿಡಲು ಹೇಳಿ ಕಾಯುತ್ತಿದ್ದೆ. ಸ್ವಲ್ಪ ಹೊತ್ತಿಗೆ ಎಡಗಡೆ ನೀರು ಸೀಳಿ ಒಂದು ಮೊಂಡು ರೆಕ್ಕೆ ಏಳುತ್ತಿತ್ತು. ಬೆನ್ನಿನ ರೆಕ್ಕೆಯ ತುದಿ ಯಾವಾಗಲೋ ತುಂಡಾದ ಹೆಣ್ಣು ಡಾಲ್ಫಿನ್ ಅದು. ಅದಕ್ಕೆ ಮೊಂಡಿ ಎಂದು ಹೆಸರಿಟ್ಟವಳು ನಾನೇ. ದೋಣಿಯನ್ನು ಎರಡು ಸುತ್ತು ಹಾಕಿ, ನನ್ನ ಕೆಳಗೆ ಬಂದು, ಒಂದು ಕಣ್ಣಿನಿಂದ ಮೇಲಕ್ಕೆ ನೋಡಿ ಹೋಗುತ್ತಿತ್ತು.

"ನಾವು ಇವಕ್ಕೆ ತಿನ್ನೋಕೆ ಏನೂ ಕೊಡಲ್ಲ" ಎಂದು ನಾನು ಪ್ರತಿ ಟ್ರಿಪ್ಪಿನಲ್ಲೂ ಹೇಳುತ್ತಿದ್ದೆ. "ಕೊಟ್ರೆ ಕಂಡ ಕಂಡ ದೋಣಿ ಹಿಂದೆ ಬಾಯಿ ತೆರ್ಕೊಂಡು ಹೋಗ್ತವೆ. ಒಂದಲ್ಲ ಒಂದು ದಿನ ಪ್ರೊಪೆಲ್ಲರ್‌ಗೆ ಸಿಕ್ಕಿ ಸಾಯ್ತವೆ. ಮೊಂಡಿ ಬರೋದು ಬರೀ ಪರಿಚಯಕ್ಕೆ. ನನ್ನ ಕೈ ಸದ್ದು ಅವಳಿಗೆ ಗೊತ್ತು." ಹೇಳುವಾಗ ನನಗೆ ಎದೆ ಉಬ್ಬುತ್ತಿತ್ತು. ಯಾಕೆ ಉಬ್ಬಬಾರದು? ತಾಳಿ ಕಟ್ಟಿದವನು ಪಕ್ಕದಲ್ಲಿ ನಿಂತು ಕರೆದರೂ ತಿರುಗುತ್ತಿರಲಿಲ್ಲ. ಇಲ್ಲಿ ಇಷ್ಟು ದೊಡ್ಡ ಸಮುದ್ರದಲ್ಲಿ ಒಂದು ಜೀವ ನಾನು ತಟ್ಟಿದ ಸದ್ದಿಗೆ ಬರುತ್ತಿತ್ತು. ನಾನು ಬದುಕಿದ್ದೇ ಅದರ ಮೇಲೆ ಎಂದರೆ ತಪ್ಪಿಲ್ಲ.

ಈ ವರ್ಷ ಮೊಂಡಿಯ ಜೊತೆ ಒಂದು ಮರಿ ಬಂತು. ತಾಯಿಯ ಪಕ್ಕೆಗೆ ಅಂಟಿಕೊಂಡೇ ಈಜುತ್ತಿತ್ತು. ಮೊದಲ ದಿನ ನಾನು ಜನರೆದುರಿಗೇ ಅತ್ತುಬಿಟ್ಟೆ. ನಾಲ್ಕು ತಿಂಗಳಾದ ಮೇಲೆ, ಒಂದು ಬುಧವಾರ ಬೆಳಗ್ಗೆ, ಮರಿ ಜೆಟ್ಟಿಯ ಕಲ್ಲುಗಳಿಗೆ ಬಡಿದುಕೊಳ್ಳುತ್ತ ತೇಲುತ್ತಿತ್ತು. ಬೆನ್ನ ಮೇಲೆ ಸಾಲಾಗಿ ಮೂರು ಕೊಯ್ತ. ಪ್ರೊಪೆಲ್ಲರ್ ಗಾಯ ಎಂದು ಹೇಳಲು ಯಾವ ಪಂಡಿತನೂ ಬೇಕಿರಲಿಲ್ಲ.

ಪ್ರೊಪೆಲ್ಲರ್ ಸೋಡಾಬುಡ್ಡಿಯದು. ದಪ್ಪ ಕನ್ನಡಕದ ಅವನು ಇನ್ನೊಂದು ಟೂರ್ ದೋಣಿಯ ಮಾಲೀಕ. ಅವನೇ ಮುಖ ಸಣ್ಣಗೆ ಮಾಡಿಕೊಂಡು ಬಂದು ಹೇಳಿದ. "ನನ್ನಾಣೆ ಅಕ್ಕ, ನಾನು ನಿಧಾನವಾಗೇ ಹೋಗ್ತಿದ್ದೆ. ಮರಿ ತಾನಾಗೇ ದೋಣಿ ಹಿಂದಕ್ಕೆ ನುಗ್ತು, ಬಾಯಿ ತೆರ್ಕೊಂಡು."

"ಬಾಯಿ ತೆರ್ಕೊಂಡು ಬಂತಂತೆ! ನಿನ್ನ ಹತ್ರ ಕತೆ ಕೇಳೋಕೆ ನಿಂತಿದೀನಾ ನಾನು? ದಿನಾ ನೀನು ಏನಾದ್ರೂ ಎಸೀತಿದ್ದೆ, ಅದಕ್ಕೇ ಬಂತು." ನಾನು ಅಷ್ಟಕ್ಕೇ ನಿಲ್ಲಿಸಲಿಲ್ಲ. ಅವನ ವಂಶವನ್ನೆಲ್ಲ ಜಾಲಾಡಿದೆ. ಆಮೇಲೆ ನೇರ ಬಂದರು ಕಚೇರಿಗೆ ಹೋಗಿ ದೂರು ಕೊಟ್ಟೆ. ಡಾಲ್ಫಿನ್‌ಗೆ ಆಹಾರ ಹಾಕುವುದು ನಮ್ಮಲ್ಲಿ ಅಪರಾಧ. ಅಧಿಕಾರಿ ಅವನ ದೋಣಿಯನ್ನು ಕಟ್ಟಿಹಾಕಿಸಿ, ಸೋಮವಾರ ವಿಚಾರಣೆ ಎಂದರು. ನಮ್ಮ ದೋಣಿಯಿಂದ ಎಂದೂ ಆಹಾರ ಹಾಕಿಲ್ಲವೆಂದು ನಾನು ಹೇಳಿಕೆ ಕೊಡಬೇಕಿತ್ತು. "ಬೇಕಾದ್ರೆ ಕಲ್ಲಲ್ಲಿ ಕೆತ್ತಿ ಕೊಡ್ತೀನಿ ಸಾರ್" ಎಂದೆ. ಪಕ್ಕದಲ್ಲಿದ್ದ ಅಣ್ಣ ತಲೆ ತಗ್ಗಿಸಿಕೊಂಡು ಹೊರಗೆ ನಡೆದ. ಅವನಿಗೂ ಮರಿ ಸತ್ತ ದುಃಖ ಎಂದುಕೊಂಡೆ.

ಶನಿವಾರ ಅಣ್ಣನಿಗೆ ಹಲ್ಲುನೋವು ಬಂದು ಕೆನ್ನೆ ಊದಿಕೊಂಡಿತು. ಮೂವತ್ತು ಜನ ಜೆಟ್ಟಿಯಲ್ಲಿ ಬಂದು ನಿಂತಿದ್ದರು. ಎಂಜಿನ್ ರಿಪೇರಿ ಮಾಡುವ ಮೆಕ್ಯಾನಿಕ್‌ಗೆ ದೋಣಿ ಓಡಿಸುವ ಲೈಸೆನ್ಸ್ ಇದೆ, ಅವನನ್ನೇ ಕರೆಯುತ್ತೇನೆ ಎಂದೆ.

"ಬೇಡ. ರದ್ದು ಮಾಡು" ಎಂದ ಅಣ್ಣ.

"ಜನ ಎಲ್ಲೆಲ್ಲಿಂದಲೋ ಬಂದಿದಾರೆ ಕಣೋ."

"ಬೇಡ ಅಂದ್ನಲ್ಲ!" ಎಂದು ಹಾಸಿಗೆಯಿಂದಲೇ ಕಿರುಚಿ, ಕೆನ್ನೆ ಹಿಡಿದುಕೊಂಡು ಗೋಡೆಯ ಕಡೆ ಹೊರಳಿದ. ತನ್ನ ದೋಣಿಯನ್ನು ಪರರ ಕೈಗೆ ಕೊಡಲು ಮನಸ್ಸಿಲ್ಲ ಪಾಪ ಎಂದುಕೊಂಡು, ನಾನು ಹೇಳದೆ ಕೇಳದೆ ಮೆಕ್ಯಾನಿಕ್‌ನನ್ನು ಕರೆದುಕೊಂಡು ಹೊರಟೆ.

ಕರಿಬಂಡೆಯ ಹತ್ತಿರ ಎಂಜಿನ್ ಆರಿತು. ಮೂರು ಸಲ ತಟ್ಟಿದೆ. ಮೊಂಡಿ ಬಂತು, ಒಂಟಿಯಾಗಿ. ಆದರೆ ನನ್ನ ಕಡೆ ತಿರುಗಲಿಲ್ಲ. ಸೀದಾ ದೋಣಿಯ ಹಿಂಬದಿಗೆ ಹೋಗಿ ಕಾಣೆಯಾಯಿತು. ಮತ್ತೆ ತಟ್ಟಿದೆ. ಮತ್ತೆ ಹಿಂಬದಿಗೇ. ಯಾರೋ ಹೆಂಗಸು, "ಅದು ಹಿಂದುಗಡೆ ಬಾಯಿ ತೆಕ್ಕೊಂಡು ನಿಂತಿದೆ ನೋಡಿ, ಎಷ್ಟು ಚೆನ್ನಾಗಿದೆ!" ಎಂದಳು.

"ಅಕ್ಕಾ, ಸ್ವಲ್ಪ ಬನ್ನಿ ಇಲ್ಲಿ" ಎಂದು ಮೆಕ್ಯಾನಿಕ್ ಗೂಡಿನಿಂದ ಕೂಗಿದ.

ಒಂಬತ್ತು ವರ್ಷದಲ್ಲಿ ಮೊದಲ ಸಲ ಜಾಗ ಬಿಟ್ಟು ಹಿಂದಕ್ಕೆ ನಡೆದೆ. ಚಾಲಕನ ಸೀಟಿನ ಪಕ್ಕದಲ್ಲಿ ತೋಳಿನ ದಪ್ಪದ ಬಿಳಿ ಪ್ಲಾಸ್ಟಿಕ್ ಪೈಪು, ಬಾಯಿ ಮೇಲಕ್ಕೆ. ಅದು ತಳ ತೂರಿಕೊಂಡು ನೀರೊಳಗೆ ಇಳಿದಿತ್ತು.

"ಈ ಪೈಪ್ ಯಾಕಕ್ಕ?"

"ಒಳಗೆ ತುಂಬಿದ ನೀರು ಮೊಗೆದು ಸುರಿಯೋಕೆ. ಅಣ್ಣ ಹಾಕಿಸಿದ್ದು."

"ನೀರು ಹೋಗೋ ಪೈಪಲ್ಲಿ ಮೀನಿನ ಹುರುಪೆ ಎಲ್ಲಿಂದ ಬಂತು?"

ಪೈಪಿನ ಬಾಯಿಯೊಳಗೆ ಸುತ್ತಲೂ ಹುರುಪೆ ಅಂಟಿತ್ತು, ಹಳೆಯದರ ಮೇಲೆ ಹೊಸದು. ಸೀಟಿನ ಕೆಳಗೆ ಮುಚ್ಚಳದ ಬಕೆಟ್. ಗ್ರೀಸ್ ಒರೆಸುವ ಬಟ್ಟೆ ಇಡುವುದಕ್ಕೆ ಎಂದು ಅಣ್ಣ ಹೇಳಿದ್ದ. ಮುಚ್ಚಳ ತೆಗೆದೆ. ಉಪ್ಪು ಸವರಿದ ಸಣ್ಣ ಮೀನು ಅರ್ಧ ಬಕೆಟ್ ಇತ್ತು. ಅಷ್ಟರಲ್ಲಿ ಕೆಳಗೆ ಮೊಂಡಿ ತಲೆಯೆತ್ತಿ ಪೈಪಿನ ತುದಿಗೆ ಮೂತಿಯಿಂದ ಗುದ್ದಿತು. ಆ ಗುದ್ದು ನನ್ನ ಪಾದಕ್ಕೆ ತಾಕಿತು.

ಅಯ್ಯೋ ನನ್ನ ಕರ್ಮವೇ! ನಾನು ಮುಂದೆ ತಟ್ಟುವುದು, ಅವನು ಹಿಂದೆ ಮೀನು ಬಿಡುವುದು. ಒಂಬತ್ತು ವರ್ಷ ನನ್ನ ಕಿವಿ ಮೇಲೆ ಹೂವಿಟ್ಟಿದ್ದ. ದೋಣಿಯ ಹಿಂದೆ ಬಾಯಿ ತೆರೆಯುವುದನ್ನು ಮೊಂಡಿಗೆ ಕಲಿಸಿದ್ದು ನನ್ನ ಕೈ, ಮೊಂಡಿ ಅದನ್ನು ಮರಿಗೆ ಕಲಿಸಿತ್ತು. ನಾನು ಇವಳು ನನ್ನ ಗೆಳತಿ ಎಂದು ಊರಿಗೆಲ್ಲ ಸಾರಿಕೊಂಡು ಬಂದಿದ್ದೆ. ಅವಳಿಗೆ ನಾನು ಯಾರೂ ಆಗಿರಲಿಲ್ಲ, ಊಟದ ಗಂಟೆ ಮಾತ್ರ ಆಗಿದ್ದೆ. ವಾಪಸ್ ಬರುವಾಗ ಜನರಿಗೆ ಏನು ಹೇಳಿದೆನೋ ನೆನಪಿಲ್ಲ.

ಬಕೆಟ್ ತಂದು ಅಣ್ಣನ ಹಾಸಿಗೆಯ ಪಕ್ಕ ಕುಕ್ಕಿದೆ. ಅವನು ಎದ್ದು ಕೂತ. ಗದ್ದಕ್ಕೆ ಸುತ್ತಿದ್ದ ಬಟ್ಟೆಯ ಗಂಟು ನೆತ್ತಿಯ ಮೇಲಿತ್ತು. ಬೇರೆ ದಿನವಾಗಿದ್ದರೆ ನಗುತ್ತಿದ್ದೆ.

"ಯಾವಾಗಿಂದ?" ಎಂದೆ.

"ನೀನು ದೋಣಿಗೆ ಬಂದ ಎರಡನೇ ದಿನದಿಂದ." ಸುಳ್ಳು ಹೇಳಲಿಲ್ಲ. "ಮೊದಲ ದಿನ ನೀನು ತಟ್ದೆ, ಯಾವುದೂ ಬರ್ಲಿಲ್ಲ. ಜನ ನಕ್ರು. ನಿನ್ನ ಮುಖ ನೋಡೋಕಾಗ್ಲಿಲ್ಲ ನನಗೆ. ಮಾರನೇ ದಿನ ನಾಲ್ಕು ಮೀನು ಬಿಟ್ಟೆ. ನೀನು ಮನೆಗೆ ಬಂದು ಹೊಟ್ಟೆ ತುಂಬಾ ಊಟ ಮಾಡ್ದೆ. ಆಮೇಲೆ ಹೇಗೆ ನಿಲ್ಲಿಸ್ಲಿ?"

"ನನಗೋಸ್ಕರ ಮಾಡ್ದೆ ಅಂತೀಯಾ?"

"ಮೊದಲು ನಿನಗೋಸ್ಕರ." ಗದ್ದದ ಬಟ್ಟೆ ಬಿಗಿ ಮಾಡಿಕೊಂಡು, "ಆಮೇಲೆ ಬೇರೆ ಯಾವ ದೋಣಿಗೂ ಹೀಗೆ ಬರ್ತಿರ್ಲಿಲ್ಲ, ಜನ ನಮ್ಮಲ್ಲಿಗೇ ಬರೋಕೆ ಶುರು ಮಾಡಿದ್ರು" ಎಂದ.

"ಮರಿ ಸತ್ತಾಗ ನಿನಗೆ ಗೊತ್ತಿತ್ತು. ನಾನು ಸೋಡಾಬುಡ್ಡಿಗೆ ಅಷ್ಟು ಬೈಯೋವಾಗ ನೀನು ಪಕ್ಕದಲ್ಲೇ ನಿಂತಿದ್ದೆ. ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಹಾಕಿಸ್ತಿದ್ದೆ, ಅದೂ ನನ್ನ ಕೈಯಲ್ಲಿ! ನೀನೂ ಒಬ್ಬ ಅಣ್ಣನಾ?"

ಅವನು ಬಕೆಟ್ಟಿನ ಮುಚ್ಚಳ ಮುಚ್ಚಿ ತನ್ನ ಕಡೆಗೆ ಎಳೆದುಕೊಂಡ. "ಸೋಮವಾರ ಏನ್ ಹೇಳ್ತೀಯಾ?" ಎಂದು ಕೇಳಿದ.

"ಇದ್ದದ್ದು ಇದ್ದ ಹಾಗೆ."

"ಯೋಚನೆ ಮಾಡಿ ಹೇಳು" ಎಂದು ಮತ್ತೆ ಗೋಡೆಯ ಕಡೆ ಹೊರಳಿದ.

ಸೋಮವಾರ ಬಂದರು ಕಚೇರಿಯಲ್ಲಿ ಅಧಿಕಾರಿಯ ಮುಂದೆ ನಾನು, ಅಣ್ಣ, ಸೋಡಾಬುಡ್ಡಿ, ಮೆಕ್ಯಾನಿಕ್ ಸಾಲಾಗಿ ಕೂತಿದ್ದೆವು. ನಾನು ಎಲ್ಲವನ್ನೂ ಹೇಳಿದೆ. ತಟ್ಟಿದ್ದು ಹೇಳಿದೆ, ಪೈಪು ಹೇಳಿದೆ, ಬಕೆಟ್ ಹೇಳಿದೆ. ಹೇಳುವಾಗ ಅಣ್ಣನ ಕಡೆ ನೋಡಲಿಲ್ಲ. ನನ್ನನ್ನು ಸಾಕಿದವನ ಮೇಲೆ ಸಾಕ್ಷಿ ಹೇಳುತ್ತಿದ್ದೇನೆ ಎಂಬ ಸಂಕಟ ನನಗೇ ಗೊತ್ತು.

"ಪೈಪಾ? ಯಾವ ಪೈಪು ಸಾರ್?" ಎಂದ ಅಣ್ಣ.

ಅಧಿಕಾರಿ ಸಿಬ್ಬಂದಿಯನ್ನು ಕಳಿಸಿ ದೋಣಿ ನೋಡಿಸಿದರು. ಪೈಪಿರಲಿಲ್ಲ. ಅದಿದ್ದ ಜಾಗದಲ್ಲಿ ಹೊಸ ಹಲಗೆ ತುಂಡು, ಅದರ ಮೇಲೆ ಬಣ್ಣ. "ಸೋರ್ತಿತ್ತು ಸಾರ್, ಮುಚ್ಚಿದೆ" ಎಂದ ಅಣ್ಣ. ಭಾನುವಾರ ಇಡೀ ದಿನ ನಾನು ಕೋಣೆಯಲ್ಲಿ ಮುಸುಕೆಳೆದು ಮಲಗಿದ್ದಾಗ, ಊದಿದ ಕೆನ್ನೆ ಹೊತ್ತುಕೊಂಡು ಅವನು ಮಾಡಿದ ಕೆಲಸ ಇದು. ನಾನು ಮೆಕ್ಯಾನಿಕ್ ಕಡೆ ತಿರುಗಿದೆ. ಅವನು ಉಗುರಿನ ಎಣ್ಣೆಕೊಳೆ ಕೆರೆಯುತ್ತ, "ನಾನು ಎಂಜಿನ್ ಕಡೆ ನೋಡ್ತಿದ್ದೆ ಸಾರ್, ಬೇರೇನೂ ಗಮನಿಸ್ಲಿಲ್ಲ" ಎಂದ. ಅವನಿಗೆ ವರ್ಷವಿಡೀ ಕೆಲಸ ಕೊಡುವವನು ನನ್ನಣ್ಣ.

ಆಮೇಲೆ ಅಣ್ಣ ತನ್ನ ಮೊಬೈಲ್ ತೆಗೆದು ಮೇಜಿನ ಮೇಲಿಟ್ಟ. ಪ್ರವಾಸಿಗರು ಹಾಕಿದ ವಿಡಿಯೋಗಳು. ಒಂದರಲ್ಲಿ ನಾನು ತಟ್ಟುತ್ತಿದ್ದೇನೆ, ಮೊಂಡಿ ಬರುತ್ತಿದೆ. ಇನ್ನೊಂದರಲ್ಲೂ ನಾನೇ. ಎಲ್ಲದರಲ್ಲೂ ನಗುತ್ತಿದ್ದೇನೆ.

"ಕರೀತಿದ್ದವಳು ಅವಳು ಸಾರ್, ಪ್ರಪಂಚಕ್ಕೇ ಗೊತ್ತು" ಎಂದ. "ನಮ್ಮ ದೋಣೀಲಿ ನಾನು ಮುಂದಕ್ಕೆ ಹೋಗೋ ಪದ್ಧತಿ ಇಲ್ಲ. ಮುಂದೆ ಕೂತು ಏನ್ ಹಾಕ್ತಿದ್ಲೋ ನನಗೆ ಹೇಗೆ ಗೊತ್ತಾಗುತ್ತೆ? ಪಾಪ, ಜೀವನದಲ್ಲಿ ನೊಂದವಳು. ತಪ್ಪು ಮಾಡಿದಾಳೆ, ದೊಡ್ಡ ಶಿಕ್ಷೆ ಕೊಡಬೇಡಿ."

ಬೇಲಿಯೇ ಎದ್ದು ಹೊಲ ಮೇಯುವುದು ಎಂದರೆ ಇದೇ. ಮೇಯ್ದದ್ದೂ ಅಲ್ಲದೆ ಹೊಲದ ಮೇಲೆ ಕನಿಕರ ಬೇರೆ. ನನಗೆ ಮೈಯೆಲ್ಲ ಉರಿದುಹೋಯಿತು. ಮೇಜು ಗುದ್ದಿ ಕೂಗಬೇಕೆಂದು ಕೈಯೆತ್ತಿದೆ. ಎಲ್ಲರೂ ನನ್ನ ಅಂಗೈಯನ್ನೇ ನೋಡಿದರು. ಕೈ ಇಳಿಸಿ ಮಡಿಲಲ್ಲಿಟ್ಟುಕೊಂಡೆ. ಮಾತು ಬರಲಿಲ್ಲ. ಬಾಯಿ ಜೋರಿನವಳಿಗೆ ಮಾತು ಬರಲಿಲ್ಲ.

ಗೈಡ್ ಬ್ಯಾಡ್ಜ್ ಬಿಚ್ಚಿ ಕೊಡಲು ಹೇಳಿದರು, ಕೊಟ್ಟೆ. ಸೋಡಾಬುಡ್ಡಿಯ ದೋಣಿ ಬಿಡಿಸಿದರು. ಹೊರಗೆ ಮೆಟ್ಟಿಲ ಮೇಲೆ ಅವನು ಕನ್ನಡಕ ಒರೆಸುತ್ತ ನಿಂತಿದ್ದ. "ನಾನು ನಂಬ್ತೀನಿ ಅಕ್ಕ" ಎಂದ. ನನ್ನಿಂದ ಅಷ್ಟೆಲ್ಲ ಬೈಗುಳ ತಿಂದವನು ನಂಬಿದ, ಜೊತೆಯಲ್ಲಿ ಹುಟ್ಟಿದವನು ಮಾರಿದ. ನಾನು ಸೋಡಾಬುಡ್ಡಿಯ ಕೈ ಹಿಡಿದು ತಪ್ಪಾಯಿತು ಎಂದು ಹೇಳಿ ಮನೆಗೆ ಬಂದೆ.

ಕೋಣೆಗೆ ಹೋಗಿ ಒಳಗಿನಿಂದ ಚಿಲಕ ಹಾಕಿಕೊಂಡೆ. ಮಂಚದ ಕೆಳಗಿಂದ ಆ ಹಳೆಯ ಸೂಟ್‌ಕೇಸ್ ಎಳೆದು, ಧೂಳು ಒರೆಸಿ, ಸೀರೆಗಳನ್ನು ಮಡಿಸಿ ಇಡತೊಡಗಿದೆ. ಎಲ್ಲಿಗೆ ಎಂದು ಗೊತ್ತಿರಲಿಲ್ಲ. ಮಧ್ಯಾಹ್ನ ಎರಡು ಗಂಟೆಯಾಗಿತ್ತು. ಶನಿವಾರದಿಂದ ಸರಿಯಾಗಿ ಏನೂ ತಿಂದಿರಲಿಲ್ಲ.

ಬಾಗಿಲ ಮೇಲೆ ಅಂಗೈಯಿಂದ ತಟ್ಟಿದ ಸದ್ದು. ಒಂದು, ಎರಡು, ಮೂರು.

"ಊಟ ತಂದಿದೀನಿ. ಬಿಸಿಯಾಗಿದೆ" ಎಂದ ಅಣ್ಣ. ಮೆತ್ತನೆಯ ದನಿ, ಒಂಬತ್ತು ವರ್ಷದ ಹಿಂದೆ ಇದೇ ಬಾಗಿಲಲ್ಲಿ ಕೇಳಿದ ದನಿ. "ಕೋಪ ಎಲ್ಲ ಆಮೇಲೆ. ಮೊದಲು ಬಾಗಿಲು ತೆಗಿ, ಒಂದು ತುತ್ತು ತಿನ್ನು."

ನನಗೆ ಅರಿವಾಗುವ ಮೊದಲೇ ನಾನು ಎದ್ದು ಬಾಗಿಲ ಬಳಿ ಬಂದಿದ್ದೆ. ಚಿಲಕದ ಮೇಲೆ ನನ್ನ ಕೈಯಿತ್ತು.

ಕೈ ತೆಗೆದೆ.

"ಅಣ್ಣ" ಎಂದೆ, "ಇನ್ನು ತಟ್ಟಬೇಡ."