ಕಣ್ಣಿಗೆ ಬಿದ್ದ ಹೊಟ್ಟು

“ಒಂದು ಚೂರು ಹೊಟ್ಟು ಬಿದ್ದಿದ್ಕೆ ಹೆಣ ಬಿದ್ದಂಗೆ ಆಡ್ತೀಯಲ್ಲೇ ರಂಡೆ! ನಾಲ್ಗೆ ಹಾಕಿ ತೆಗ್ದು ಅವಳ್ನ ಕೆಲಸಕ್ಕೆ ನಿಲ್ಸು!”

ಸಂತೇಬೆನ್ನೂರಿನ ಕಣದಲ್ಲಿ ಮೆಕ್ಕೆಜೋಳದ ಮಿಷನ್ನಿನ ಸದ್ದನ್ನೂ ಮೀರಿತ್ತು ಗೌಡ ಬೆನಕಪ್ಪನ ಗಂಟಲು. ತಿಪ್ಪಮ್ಮ ಮಗಳ ಮುಖವನ್ನು ಬೆಳಕಿಗೆ ತಿರುಗಿಸಿ ನೋಡಿದಳು. ಚೌಡೇಶ್ವರಿಯ ಕಣ್ಣು ಕೆಂಡವಾಗಿತ್ತು. ಕರಿಗುಡ್ಡೆಯ ಮೇಲೆ ಹೊಟ್ಟಿನ ಚೂರೊಂದು ಕಚ್ಚಿ ಕೂತಿತ್ತು.

ಕಣ್ಣಿನ ಕಸವನ್ನು ನಾಲಿಗೆಯ ತುದಿಯಿಂದ ತೆಗೆಯುವುದರಲ್ಲಿ ಕೇರಿಗೆಲ್ಲ ತಿಪ್ಪಮ್ಮನದೇ ಹೆಸರು. ಆದರೆ ಹೋದ ಸುಗ್ಗಿಯಲ್ಲಿ, ಇದೇ ಬೆನಕಪ್ಪ ಗದರಿಸಿದನೆಂದು, ಜೊತೆಯಾಳು ಪಾಪಣ್ಣನ ಕಣ್ಣಿಗೆ ನಾಲಿಗೆ ಹಾಕಿದ್ದಳು. ಗಾಯ ಕೀವಾಗಿ ಗುಡ್ಡೆಗೆ ಹೂ ಬಿತ್ತು. ಆ ಕಣ್ಣು ಹೋಯಿತು. ಅಂದೇ ಆ ಕೆಲಸ ಬಿಟ್ಟಿದ್ದಳು.

“ಡಾಕ್ಟ್ರ ಹತ್ರ ಹೋಗ್ಬೇಕು ಗೌಡ್ರೆ. ಟೆಂಪೋ ಕಳ್ಸ್ರಿ.”

“ಟೆಂಪೋ ನಿಮ್ಮಪ್ಪಂದಾ? ಲೋಡ್ ಮಾಡಾಕೆ ಐತೆ ಅದು.”

ಪಾಪಣ್ಣ ಮಿಷನ್ನಿಗೆ ತೆನೆ ಸುರಿಯುತ್ತಲೇ ಹೇಳಿದ: “ಒಂದೇ ಕಣ್ಣಿದ್ರೆ ಒಳ್ಳೇದು ತಿಪ್ಪಕ್ಕ. ಗೌಡ್ರು ಅರ್ಧನೇ ಕಾಣ್ತಾರೆ. ನನಗಂತೂ ಆರಾಮೈತೆ.”

ಹೆಣ್ಣಾಳುಗಳು ಕಿಸಕ್ಕನೆ ನಕ್ಕರು.

“ಯಾವನ್ಲೇ ಅವ್ನು, ಸೂಳೇಮಗ!” ಎನ್ನುತ್ತ ಬೆನಕಪ್ಪ ನುಗ್ಗಿದ. ನುಗ್ಗಿದ್ದು ಮಿಷನ್ನು ಹೊಟ್ಟು ಉಗುಳುವ ಬಾಯಿಗೆ ಎದುರಾಗಿ. ಮರುಗಳಿಗೆ ಎರಡೂ ಕೈಯಲ್ಲಿ ಕಣ್ಣು ಮುಚ್ಚಿಕೊಂಡು ಕುಣಿಯತೊಡಗಿದ.

“ಅಯ್ಯಯ್ಯೋ! ಲೇ ಸಿದ್ದು, ಟೆಂಪೋ ತೆಗಿಯೋ! ಚನ್ನಗಿರಿಗೆ ನಡಿ!”

“ಅಷ್ಟು ದೂರ ಯಾಕೆ ಗೌಡ್ರೆ?” ಎಂದಳು ತಿಪ್ಪಮ್ಮ. “ನನ್ ನಾಲ್ಗೆ ಇಲ್ಲೇ ಐತಲ್ಲ.”

“ಥೂ! ನಿನ್ ಎಂಜಲು ನನ್ ಕಣ್ಣಿಗಾ?”

ಪಾಪಣ್ಣ ನಗು ತಡೆಯಲಾರದೆ ತೆನೆಯ ರಾಶಿಯ ಮೇಲೆ ಕೂತುಬಿಟ್ಟ.

ಬೆನಕಪ್ಪ ತಡಕಾಡುತ್ತ ಟೆಂಪೋದ ಮುಂದಿನ ಸೀಟಿಗೆ ಹತ್ತಿದ. ತಿಪ್ಪಮ್ಮ ಮಗಳನ್ನು ಅವನ ಪಕ್ಕಕ್ಕೇ ತಳ್ಳಿ ತಾನೂ ಹತ್ತಿದಳು.

“ಹಿಂದೆ ಸಾಯ್ರೇ!”

“ಹಿಂದೆ ಧೂಳು ಬರ್ತೈತೆ ಗೌಡ್ರೆ. ಹುಡುಗಿ ಕಣ್ಣು.”

ಡ್ರೈವರ್ ಸಿದ್ದುವೂ ಕೇರಿಯವನೇ. ಕೀಲಿ ತಿರುಗಿಸದೆ ಸ್ಟೇರಿಂಗ್ ಮೇಲೆ ತಾಳ ಹಾಕುತ್ತ ಕೂತ. “ಎಲ್ರೂ ಕೂತ್ರೆ ಹೊರಡ್ತೀನಿ. ಗಾಡಿಗೇನಿಲ್ಲ, ನಿಮ್ ಕಣ್ಣಿಗೇ ಅವಸರ.”

ಬೆನಕಪ್ಪ ಹಲ್ಲು ಕಚ್ಚಿ ಸರಿದು ಕೂತ.

ಚನ್ನಗಿರಿಯಲ್ಲಿ ಡಾಕ್ಟರಮ್ಮ ಹುಡುಗಿಯನ್ನೇ ಮೊದಲು ಕರೆದರು. ಅವಳ ಕಣ್ಣಿಗೆ ಹಳದಿ ಬಣ್ಣದ ಔಷಧಿ ಹಾಕಿ, ಗದ್ದವನ್ನು ಕಣ್ಣು ನೋಡುವ ಮಿಷನ್ನಿನ ಮೇಲಿಡಿಸಿ ನೋಡಿದರು. ಮರಗಟ್ಟಿಸುವ ಹನಿ ಬಿಟ್ಟು ಸೂಜಿಯ ತುದಿಯಿಂದ ಹೊಟ್ಟು ತೆಗೆದರು. “ಕಾರ್ನಿಯಾ ಮೇಲೆ ಗೀರಾಗಿದೆ. ಬೇಗ ಬಂದ್ರಿ, ನಾಲಿಗೆ ಹಾಕಲಿಲ್ಲ, ಒಳ್ಳೇದಾಯ್ತು. ಔಷಧಿ ತಪ್ಪಿಸದೆ ಬಿಟ್ರೆ ವಾಸಿಯಾಗುತ್ತೆ. ನಾಳೆ ಮತ್ತೆ ತೋರಿಸಿ.”

ಬೆನಕಪ್ಪನ ಸರದಿ ಬಂತು. ಚೌಡೇಶ್ವರಿ ಗದ್ದ ಇಟ್ಟಿದ್ದ ಜಾಗವನ್ನು ಒಂಟಿ ಕಣ್ಣಲ್ಲಿ ದಿಟ್ಟಿಸಿದ. “ಸ್ವಲ್ಪ ಒರೆಸ್ರಿ ಮೇಡಂ.”

“ಸ್ಪಿರಿಟ್ ಹಾಕಿ ಒರೆಸಿದೀನಿ.”

“ಇನ್ನೊಂದ್ಸಲ...”

“ಗದ್ದ ಇಡಿ.”

ಇಟ್ಟ. ಸೂಜಿ ಹತ್ತಿರ ಬಂದೊಡನೆ ಬೆದರಿದ ಎತ್ತಿನಂತೆ ಹಿಂದಕ್ಕೆ ಜಗ್ಗಿದ.

“ಅಲ್ಲಾಡಿದ್ರೆ ಗುಡ್ಡೆಗೇ ಚುಚ್ಚುತ್ತೆ. ಯಾರಾದ್ರೂ ತಲೆ ಹಿಡ್ಕೊಳ್ರಿ.”

ತಿಪ್ಪಮ್ಮ ಸೆರಗು ಸಿಕ್ಕಿಸಿ ಎದ್ದಳು. ಗೌಡರ ಮನೆ ಬಾಗಿಲಲ್ಲಿ ಬೊಗಸೆಗೆ ಮೇಲಿನಿಂದ ನೀರು ಸುರಿಸಿಕೊಂಡೇ ಅಭ್ಯಾಸವಾಗಿದ್ದ ಎರಡೂ ಕೈಯಿಂದ ಬೆನಕಪ್ಪನ ತಲೆಯನ್ನು ಕುಂಬಳಕಾಯಿಯಂತೆ ಹಿಡಿದು ಮುಂದಕ್ಕೆ ಒತ್ತಿದಳು.

“ಮುಟ್ಟಬ್ಯಾ—”

“ಮಾತಾಡ್ಬೇಡಿ!” ಎಂದರು ಡಾಕ್ಟರಮ್ಮ.

“ಹೂಂ ಗೌಡ್ರೆ, ಮಾತಾಡಬ್ಯಾಡ್ರಿ.”

ಹೊಟ್ಟು ಬಂತು. “ಆಯ್ತಮ್ಮ, ಇನ್ನು ಬಿಡಿ.”

ತಿಪ್ಪಮ್ಮ ಬಿಡಲಿಲ್ಲ.

“ಸರಿಯಾಗಿ ನೋಡ್ರವ್ವ,” ಎಂದಳು, “ಇನ್ನೂ ಏನಾರ ಇದ್ದೀತು.”